ಎದ್ದೇಳದ ಚಿಕ್ಕಮ್ಮ

ಬೆಳಿಗ್ಗೆ ಚಪ್ಪಲಿಗೆ ಹಿಡಿಸುತ್ತಿದ್ದ ಚಿಕ್ಕಮ್ಮನ ಕಾಲು ಸಂಜೆಗೆ ಊದಿ ಹಿಡಿಸುತ್ತಿರಲಿಲ್ಲ. ಬರಿಗಾಲಲ್ಲೇ ಮನೆಗೆ ಬರುತ್ತಿದ್ದಳು. ನಾವಿಬ್ಬರೂ ದುಡಿಯುತ್ತಿದ್ದದ್ದು ಹೋಟೆಲು, ಆಸ್ಪತ್ರೆಗಳ ಬಟ್ಟೆ ಒಗೆದು ಇಸ್ತ್ರಿ ಮಾಡೋ ಶೆಡ್ಡಲ್ಲಿ. ಉಗಿ ಕಾರೋ ಯಂತ್ರದ ಮುಂದೆ ದಿನವಿಡೀ ನಿಂತೇ ಇರಬೇಕು. ಉಚ್ಚೆಗೆ ಹೋದರೂ ಕೂಲಿ ಕಟ್. ಇಡೀ ಶೆಡ್ಡಿಗೆ ಒಂದು ಕುರ್ಚಿ, ಒಂದು ಫ್ಯಾನು. ಎರಡೂ ಸಾಹುಕಾರನ ಕೋಣೆಯಲ್ಲಿ.

ನಷ್ಟ ಅಂತ ಅವನು ಬೀಗ ಜಡಿದ. ಕೆಲಸಗಾರರೆಲ್ಲ ಸೇರಿ ಶೆಡ್ಡನ್ನು ಅವನಿಂದಲೇ ಬಾಡಿಗೆಗೆ ಹಿಡಿದೆವು. ಬಾಡಿಗೆ ಕರಾರು ಸಂಘದ ಹೆಸರಲ್ಲಿ ಆಗಬೇಕಾದರೆ ಸಂಘ ನೋಂದಾಯಿಸೋಕೆ ಕಚೇರಿ ಅಲೆಯಬೇಕಿತ್ತು.

"ಅದು ನಿಧಾನಕ್ಕಾಗಲಿ. ಕರಾರು ನನ್ನ ಹೆಸರಲ್ಲಿರಲಿ" ಅಂದ ಬಾಯ್ಲರ್ ನೋಡಿಕೊಳ್ಳೋ ಚಿಕ್ಕಪ್ಪ, ಚಿಕ್ಕಮ್ಮನ ಗಂಡ. ನಮ್ಮವನೇ ತಾನೇ ಅಂತ ಎಲ್ಲರೂ ಕೈ ಎತ್ತಿದೆವು. ನಾನಂತೂ ಎರಡೂ ಕೈ ಎತ್ತಿದೆ.

ಫ್ಯಾನು ಯಂತ್ರದ ಕಡೆ ತಿರುಗಿತು. ಇಸ್ತ್ರಿ ಮಾಡೋ ಅಜ್ಜಿಯೊಬ್ಬಳು ಕೈ ಸುಟ್ಟುಕೊಂಡು ಮನೆಯಲ್ಲಿ ಮಲಗಿದ್ದರೂ ಅವಳ ಪಾಲು ಅವಳಿಗೆ ಮುಟ್ಟಿತು. ಏನೇ ಆಗಬೇಕಾದರೂ ಕೈ ಎತ್ತಬೇಕು. ಕಸ ಗುಡಿಸೋಳಿಗೂ ಒಂದು ಕೈ, ಚಿಕ್ಕಪ್ಪನಿಗೂ ಒಂದೇ ಕೈ. ಕುರ್ಚಿ ಯಾರಿಗೆ ಅನ್ನೋದೂ ಹಾಗೇ; ಚಿಕ್ಕಮ್ಮನಿಗೆ ಅಂತ ಎಲ್ಲರೂ ಕೈ ಎತ್ತಿದೆವು. ಚಿಕ್ಕಮ್ಮ ಕೂತೇ ಬಟ್ಟೆ ಮಡಚಿದಳು. ಚಪ್ಪಲಿ ಹಾಕಿಕೊಂಡೇ ಮನೆಗೆ ಬಂದಳು.

"ಮಹಾರಾಣಿ ಸವಾರಿ ಬಂತಪ್ಪಾ!" ಅಂತ ಚಿಕ್ಕಪ್ಪ ನಗುತ್ತಿದ್ದ.

ಕೆಲಸ ಕುದುರಿತು. ಸಾಹುಕಾರನ ಬಾಯಲ್ಲಿ ನೀರೂರಿತು.

ಒಂದು ಮಧ್ಯಾಹ್ನ ಚಿಕ್ಕಪ್ಪನೇ ಅವನನ್ನು ಕರೆದುಕೊಂಡು ಬಂದ. ಮೈಮೇಲೆ ಹೊಸ ಅಂಗಿ.

"ಕರಾರು ವಾಪಸ್ ಕೊಟ್ಟಿದ್ದೀನಿ. ಇನ್ಮೇಲೆ ಇವರೇ ಮಾಲೀಕರು, ನಾನು ಸೂಪರ್‌ವೈಸರು. ಎಲ್ಲಾ ನಿಮ್ಮ ಒಳ್ಳೇದಕ್ಕೇ."

"ಉಂಡ ಮನೆ ಜಂತಿ ಎಣಿಸಿದೆಯಲ್ಲೋ!" ಗಾಡಿ ತಳ್ಳೋ ಅಣ್ಣ ಕೂಗಿದ.

"ಯಾರನ್ನ ಕೇಳಿ ಕೊಟ್ಟೆ ಚಿಕ್ಕಪ್ಪಾ?" ಅಂದೆ.

"ಏಳನೇ ಕ್ಲಾಸೂ ದಾಟದ ನಿನ್ನನ್ನ ಕೇಳಬೇಕಿತ್ತೇನೋ?"

ಹೆಗಲ ಟವೆಲ್ಲಿನಿಂದ ಕುರ್ಚಿಯ ತೋಳು ಒರೆಸಿದ. ಅದರಲ್ಲಿ ಚಿಕ್ಕಮ್ಮ ಕೂತಿದ್ದಳು.

"ಏಳೇ. ಸಾಹುಕಾರ್ರು ನಿಂತಿದ್ದಾರೆ."

"ನಿಲ್ಲಲಿ. ನಿಂತೋರ ಕಾಲು ಏನಾಗುತ್ತೆ ಅಂತ ಗೊತ್ತಾಗಲಿ."

"ಏಳು ಅಂದ್ನಲ್ಲ!"

ಇಷ್ಟು ವರ್ಷ ಅವನ ಹಳೇ ಅಂಗಿ ಒಗೆದವಳು ಆ ಹೊಸ ಅಂಗಿಯನ್ನೇ ನೋಡಿದಳು.

"ಕುರ್ಚಿ ಬಿಡಿಸೋಕೂ ಕೈ ಎತ್ತಬೇಕು ಕಣ್ರೀ. ನೀವೂ ಸೇರಿ ಮಾಡಿದ ನಿಯಮ. ನಾನು ಏಳಬೇಕು ಅನ್ನೋರು ಕೈ ಎತ್ತಿ."

ಯಂತ್ರಗಳು ಒಂದೊಂದಾಗಿ ನಿಂತವು. ಉಗಿ ಸುಯ್ಯೆಂದು ಇಳಿಯಿತು. ಯಾರ ಕೈಯೂ ಏಳಲಿಲ್ಲ.

ಸಾಹುಕಾರ ಚಿಕ್ಕಪ್ಪನ ಕಡೆ ತಿರುಗಿದ. ಚಿಕ್ಕಪ್ಪ ಮೆಲ್ಲಗೆ ಕೈ ಎತ್ತಿದ. ಹೊಸ ಅಂಗಿಯ ತೋಳು ಜಾರಿ ಹಳೇ ಸುಟ್ಟ ಕಲೆ ಕಂಡಿತು. ಚಿಕ್ಕಮ್ಮನ ಕೈಮೇಲೂ ಅಂಥದ್ದೇ ಇದೆ.

"ಒಂದು" ಅಂದಳು. ಸುತ್ತ ಒಮ್ಮೆ ನೋಡಿದಳು. ಆಮೇಲೆ ಬೆನ್ನು ಒರಗಿಸಿ ಕೂತಳು.

"ಸಾಲಲ್ಲ ಕಣ್ರೀ."