ಬಾಗಿಲಾಚೆ ಕೇಳಿಸಿದ ಅಳು

ಅಕ್ಕ ಏವಿಸ್ ಸತ್ತು ತಿಂಗಳಾಗಿರಲಿಲ್ಲ. ಅವಳ ಮಗು ಅತ್ತಿತ್ತೆಂದು ಸಾಧಿಸಲು ಅವಳ ಗಂಡ, ದೊರೆ ಫುಲ್ಕ್, ಹನ್ನೆರಡು ಗಂಡಸರನ್ನು ನ್ಯಾಯಸಭೆಗೆ ಕರೆಸಿದ್ದ.

ನಮ್ಮಲ್ಲಿ ಕಟ್ಟಳೆ ಹಾಗಿದೆ. ಮಕ್ಕಳಾಗದೆ ಸತ್ತವಳ ಜಮೀನು ತವರಿಗೆ ಮರಳಬೇಕು. ಮಗು ಹುಟ್ಟಿ, ನಾಲ್ಕು ಗೋಡೆಗಳೊಳಗೆ ಒಮ್ಮೆ ಅತ್ತು ಸತ್ತರೂ ಸಾಕು, ಗಂಡ ಬದುಕಿರುವಷ್ಟು ಕಾಲ ಆ ಜಮೀನು ಅವನದು. ಹೆರಿಗೆ ಕೋಣೆಗೆ ಗಂಡಸರು ಕಾಲಿಡುವಂತಿಲ್ಲ. ಸಾಕ್ಷಿ ಹೇಳಲು ಹೆಂಗಸರು ಬಾಯಿ ತೆರೆಯುವಂತಿಲ್ಲ. ಬಾಗಿಲಾಚೆ ನಿಂತವರ ಕಿವಿಗೆ ಬಿದ್ದದ್ದೇ ಸತ್ಯ.

ಜಮೀನು ಎಂದರೆ ತಾರ್ನ್‌ಬಿ. ನಮ್ಮಮ್ಮನಿಂದ ಅಕ್ಕನಿಗೆ ಬಂದ ಮನೆ, ಹೊಲ. ತವರಿನಲ್ಲಿ ಉಳಿದವಳು ನಾನೊಬ್ಬಳೇ.

"ಮುಖ ಯಾಕೆ ಊದಿಸ್ಕೊಂಡಿದ್ದೀಯ ಸಿಬಿಲ್?" ಎಂದ ಫುಲ್ಕ್, ನ್ಯಾಯಸಭೆಯ ಹೊಸ್ತಿಲಲ್ಲೇ. "ಕನ್ಯಾಮಠದಲ್ಲಿ ನಿಂಗೊಂದು ಕೋಣೆ ಮಾತಾಡಿಟ್ಟಿದ್ದೀನಿ. ದಿನಾ ಪ್ರಾರ್ಥನೆ, ದಿನಾ ಬಟಾಣಿ ಗಂಜಿ. ನಿನ್ನ ನಾಲಿಗೆಗೂ ಸ್ವಲ್ಪ ವಿಶ್ರಾಂತಿ."

"ಮಗು ಅಳಲಿಲ್ಲ ಭಾವ. ಉಸಿರೇ ಇರಲಿಲ್ಲ. ನನ್ನ ಕೈಯಲ್ಲೇ ಇತ್ತು."

"ನಿನ್ನ ಕೈನ ಯಾರು ಕೇಳ್ತಾರೆ? ಹಾಮೋನ ಕಿವೀನ ಕೇಳ್ತಾರೆ."

ಹಾಮೋ ಆ ಹನ್ನೆರಡು ಮಂದಿಯಲ್ಲೊಬ್ಬ, ನಮ್ಮ ತಂದೆಯ ಕಾಲದ ಲಾಯದವನು. ಅಕ್ಕನನ್ನೂ ನನ್ನನ್ನೂ ಮೊದಲು ಕುದುರೆ ಹತ್ತಿಸಿದವನು. ಅವನನ್ನು ಭಾವ ಕೊಂಡುಕೊಂಡಿದ್ದಾನೆಂದೇ ತಿಳಿದು ನಾನು ಹಲ್ಲು ಕಚ್ಚಿ ಕುಳಿತಿದ್ದೆ.

"ಮೆಟ್ಟಿಲ ಮೇಲಿದ್ದೆ ಸ್ವಾಮಿ," ಎಂದ ಹಾಮೋ, ಪ್ರಮಾಣ ಮಾಡಿ ನ್ಯಾಯಾಧೀಶರ ಮುಂದೆ ನಿಂತು. "ಒಂದೇ ಸಲ ಕೇಳಿಸ್ತು. ಸಣ್ಣ ದನಿ. ಮೇಲಕ್ಕೆ ಎದ್ದಿದ್ದು, ಅರ್ಧಕ್ಕೇ ಕತ್ತರಿಸ್ದಂಗೆ ನಿಂತೋಯ್ತು."

ಅವನು ಸುಳ್ಳು ಹೇಳುತ್ತಿರಲಿಲ್ಲ. ಮಗುವಿನ ನೀಲಿ ಮುಖ ನೋಡಿ ಅತ್ತವಳು ನಾನು. ಅಕ್ಕನಿಗಿನ್ನೂ ಜೀವವಿತ್ತು. "ಅವಳಿಗೆ ಕೇಳಿಸ್ಬಾರ್ದು ಕಣೇ," ಎಂದು ಸೂಲಗಿತ್ತಿ ಗುನ್ನಿಲ್ಡ ನನ್ನ ಬಾಯಿ ಒತ್ತಿ ಹಿಡಿದಿದ್ದಳು.

ಎದ್ದು ನಿಂತೆ. "ಅದು ನಾನು."

"ಹೆಂಗಸರ ಕಡೆ ಸದ್ದು ಬೇಡ," ಎಂದರು ನ್ಯಾಯಾಧೀಶರು. ಯಾರೋ ನಕ್ಕರು.

ಆ ನಗುವಿಗೆ ನನ್ನ ತಾಳ್ಮೆ ಮುಗಿಯಿತು. ಅಂದು ಅತ್ತ ಹಾಗೆಯೇ ಅತ್ತೆ, ಒಂದೇ ಸಲ. ನಡುವೆಯೇ ನನ್ನ ಅಂಗೈಯಿಂದ ಬಾಯಿ ಮುಚ್ಚಿಕೊಂಡೆ.

ನಗು ನಿಂತಿತು. ಹಾಮೋ ತಿರುಗಿ ನೋಡಿದ. ಅವನ ತುಟಿ ಅಲುಗಿತು.

"ಪ್ರಮಾಣ ಮಾಡಾಗಿದೆ ಹಾಮೋ," ಎಂದ ಫುಲ್ಕ್, ಮೆಲ್ಲಗೆ.

ಹಾಮೋ ನೆಲ ನೋಡಿದ. ಉಳಿದ ಹನ್ನೊಂದು ಮಂದಿಯೂ ನೆಲ ನೋಡಿದರು. ತಾರ್ನ್‌ಬಿ ಭಾವನದಾಯಿತು.

ಹೊರಗೆ ಹಾಮೋ ನನ್ನ ಕುದುರೆ ಹಿಡಿದು ನಿಂತಿದ್ದ. "ಮಗು ಅಂತ್ಲೇ ತಿಳ್ಕೊಂಡಿದ್ದೆ ಸಣ್ಣಮ್ಮ. ದೇವರಾಣೆ."

"ಸಭೇಲಿ ನಾನು ಅಳೋವರೆಗೂ ನೀನು ಹಾಗೆ ತಿಳ್ಕೊಂಡಿದ್ದೆ. ಆಮೇಲೆ?"

ಅವನು ಹಿಂದಿನಂತೆಯೇ ಬಗ್ಗಿ, ನಾನು ಕಾಲಿಟ್ಟು ಹತ್ತಲೆಂದು ಎರಡು ಅಂಗೈ ಜೋಡಿಸಿ ಹಿಡಿದ.

ಆ ಅಂಗೈಗಳಲ್ಲಿ ಲಗಾಮನ್ನಿಟ್ಟೆ. ಕುದುರೆಯೂ ತಾರ್ನ್‌ಬಿಯದೇ, ಇನ್ನು ಭಾವನದು. ಕೆಸರಿನಲ್ಲಿ ನಡೆದು ಹೊರಟೆ. ಅವನು ಇನ್ನೂ ಬಗ್ಗಿಯೇ ಇದ್ದನೋ ಏನೋ, ನಾನು ತಿರುಗಿ ನೋಡಲಿಲ್ಲ.