ಲೈಟಾ ಎಂದ ಹಾಲ

ಕುನ್ನೂರಿನ ಹತ್ತಿರದ ಹುಬ್ಬತಲೈ ಹಟ್ಟಿಯಲ್ಲಿ 'ಲೈಟಾ' ಎನ್ನದೆ ಯಾರಿಗೂ ಒಂದು ದಿನ ಕಳೆಯುವುದಿಲ್ಲ. ಮೈ ಬಿಸಿಯಾದರೆ ಲೈಟಾ ಜ್ವರ, ಹನಿ ಉದುರಿದರೆ ಲೈಟಾ ಮಳೆ. ಮದುವೆಗೆ ಸೀರೆ ಆರಿಸಲು ಕುನ್ನೂರಿಗೆ ಹೋದರೆ ಲೈಟ್ ಕಲರ್ ತೋರಿಸಿ ಅನ್ನುತ್ತಾರೆ. ನಾದಿನಿ ಏನಾದರೂ ಚುಚ್ಚಿ ಮಾತಾಡಿದರೆ ಲೈಟಾ ತಕ್ಕೊ ಎಂದು ಸಮಾಧಾನ ಹೇಳುತ್ತಾರೆ. ಇಂಗ್ಲಿಷಿನದೋ ತಮಿಳಿನದೋ ಎಂದು ಯಾರೂ ಕೇಳುವುದಿಲ್ಲ. ಮಲರ್‌ಕೊಡಿಯೂ ಈ ಮಾತನ್ನು ದಿನಕ್ಕೆ ಹತ್ತು ಸಲ ಆಡುವವಳೇ.

ಆದರೆ ಟೀಯ ವಿಷಯಕ್ಕೆ ಬಂದರೆ ಅವಳ ಗಂಡ ಹಾಲನಿಗೆ ಅದು ಬೈಗುಳ. ಹಟ್ಟಿಯ ಕೆಳಗಿನ ಟೀ ಫ್ಯಾಕ್ಟರಿಯಲ್ಲಿ ಅವನು ಎಲೆಯನ್ನು ಪುಡಿ ಮಾಡಿಸಿ ರುಚಿ ನೋಡುವ ಟೀ ಮೇಕರ್. ಅಲ್ಲಿ ಲೈಟ್ ಎಂದರೆ ಸತ್ವವಿಲ್ಲದ ಟೀ. ಬಣ್ಣ ಬಂದರೂ ಬಾಯಲ್ಲಿ ನಿಲ್ಲದ್ದು. ತಾನು ಮಾಡಿದ ಟೀಯನ್ನು ಕೊಳ್ಳುವವರು ಲೈಟ್ ಎಂದರೆ ಆ ದಿನ ಹಾಲನಿಗೆ ಅನ್ನ ಇಳಿಯುತ್ತಿರಲಿಲ್ಲ.

ಚಳಿಗಾಲದ ಕೊನೆಯಲ್ಲಿ ಅವನಿಗೆ ಜ್ವರ ಬಂತು. "ಲೈಟಾ ಜ್ವರ, ಅಷ್ಟೇ" ಎಂದು ಮಫ್ಲರ್ ಸುತ್ತಿಕೊಂಡು ಕೆಲಸಕ್ಕೆ ಹೋದ. ಜ್ವರವೂ ಬಿಟ್ಟಿತು. ಅದಾದ ಮೇಲೆ ಒಂದು ಬೆಳಿಗ್ಗೆ ಹೆಂಡತಿ ಕೊಟ್ಟ ಟೀಯನ್ನು ಒಂದು ಗುಟುಕು ಕುಡಿದು ಲೋಟ ಕೆಳಗಿಟ್ಟ.

"ಟೀ ಲೈಟಾ ಆಗೋಗಿದೆ."

ಮಲರ್‌ಕೊಡಿಗೆ ಕಪಾಳಕ್ಕೆ ಹೊಡೆದಂತಾಯಿತು. ಮರುದಿನ ಒಂದು ಚಮಚ ಪುಡಿ ಹೆಚ್ಚು ಹಾಕಿದಳು. ಅದೂ ಲೈಟು. ಕುದಿಸಿ ಕುದಿಸಿ ಇಳಿಸಿದಳು. ಅದೂ ಲೈಟು. ಪುಡಿಯೇ ಕೆಟ್ಟಿರಬೇಕೆಂದು ಹೊಸದು ತರಿಸಿದಳು. ಕೊನೆಗೆ ಅವಳಿಗೆ ಸಿಟ್ಟೇ ಬಂತು. ತಾನು ತವರಿನ ಕಡೆಯ ಸಾವಿಗೆ ಹೋಗಿ ಎರಡು ದಿನ ಹೆಚ್ಚು ಉಳಿದದ್ದನ್ನು ಮನಸ್ಸಿನಲ್ಲಿಟ್ಟುಕೊಂಡು ಟೀಯ ಮೇಲೆ ತೀರಿಸಿಕೊಳ್ಳುತ್ತಿದ್ದಾನೆ ಎಂದುಕೊಂಡಳು.

ಒಂದು ದಿನ ಸೊಸೆ ಸಿಂಧುಜಾ ಮಾವನಿಗೆಂದು ಇಟ್ಟಿದ್ದ ಲೋಟವನ್ನು ತಪ್ಪಿ ಎತ್ತಿಕೊಂಡು ಕುಡಿದಳು. ಕುಡಿದವಳೇ ಹಿತ್ತಿಲಿಗೆ ಓಡಿ ಉಗುಳಿದಳು.

"ಅಯ್ಯೋ ಮಾಮಿ, ಇದೇನು ಟೀಯಾ, ಕಷಾಯವಾ?"

ಮಲರ್‌ಕೊಡಿ ತಾನೂ ಒಂದು ಗುಟುಕು ಕುಡಿದಳು. ನಾಲಿಗೆ ಒಗರಿಗೆ ಮುದುಡಿತು. ಇಂಥದ್ದನ್ನೇ ಅವನು ನಿನ್ನೆ ಪೂರ್ತಿ ಕುಡಿದು ಲೈಟು ಎಂದಿದ್ದ. ಸಿಟ್ಟೆಲ್ಲ ಇಳಿದುಹೋಯಿತು. ಆ ಮಧ್ಯಾಹ್ನ ಬೇಕೆಂದೇ ಅವರೆಕಾಳಿನ ಸಾರಿಗೆ ಉಪ್ಪು ಹಾಕದೆ ಬಡಿಸಿದಳು. ಹಾಲ ತಲೆ ತಗ್ಗಿಸಿ ಉಂಡ. ಎರಡನೇ ಸಲವೂ ಹಾಕಿಸಿಕೊಂಡ.

"ಸಾರು ಹೇಗಿದೆ?"

"ಒಳ್ಳೆಂಗೆ ಇದೆ."

ಅವಳು ಅಡುಗೆಮನೆಗೆ ಹೋಗಿ ಸೆರಗು ಬಾಯಿಗೊತ್ತಿಕೊಂಡು ನಿಂತಳು. ಆಮೇಲೆ ಹೊರಗೆ ಬಂದು ಅವನ ಎದುರೇ ಕೂತಳು.

"ಸಾರಿಗೆ ನಾ ಉಪ್ಪೇ ಹಾಕಲಿಲ್ಲೆ."

ಹಾಲ ತಟ್ಟೆಯನ್ನೇ ನೋಡಿದ. "ಲೈಟಾ ಮೂಗು ಕಟ್ಟಿದೆ" ಎಂದ.

"ಎಷ್ಟು ದಿನದಿಂದ?"

"ಜ್ವರ ಬಿಟ್ಟಾಗಿಂದ. ಎನಗ ಏನೂ ತಿಳಿಯಲ್ಲೆ. ರುಚಿ ನೋಡುವಾಗ ಟೀ ಬಾಯಿಗೆ ಹಾಕ್ಕೊಂಡು ಜಗದೀಶನ ಮುಖ ನೋಡುವೆ. ಅವನ ಹುಬ್ಬು ಗಂಟಾದರೆ ಲೈಟು ಅನ್ನುವೆ. ಅವನು ತಲೆ ಆಡಿಸಿದರೆ ಚೆನ್ನಾಗಿದೆ ಅನ್ನುವೆ." ಜಗದೀಶ ಅವನ ಕೈಕೆಳಗಿನ ಸಹಾಯಕ. "ಮೊನ್ನೆ ಡ್ರೈಯರಿನಲ್ಲಿ ಟೀ ಸೀದುಹೋಗುತ್ತಿತ್ತು. ಆಚೆ ಶೆಡ್ಡಿನಲ್ಲಿದ್ದ ಜಗದೀಶನಿಗೆ ನಾತ ಬಂದು ಓಡಿಬಂದ. ನಾ ಡ್ರೈಯರಿನ ಪಕ್ಕದಲ್ಲೇ ನಿಂತಿದ್ದೆ."

ಮದುವೆಯಾದಾಗಿನಿಂದ ಅವನು ಅತ್ತದ್ದನ್ನು ಮಲರ್‌ಕೊಡಿ ನೋಡಿರಲಿಲ್ಲ. ಆಗಲೂ ಅವನು ಅಳಲಿಲ್ಲ. ಉಪ್ಪಿಲ್ಲದ ಸಾರನ್ನು ಕೊನೆಯ ತುತ್ತಿನವರೆಗೂ ಉಂಡು ಮುಗಿಸಿದ. ಅದನ್ನು ನೋಡುವುದೇ ಅವಳಿಗೆ ಹೆಚ್ಚು ಕಷ್ಟವಾಯಿತು.

ಕುನ್ನೂರಿನ ಡಾಕ್ಟರು ಮೂಗಿನೊಳಗೆ ಬೆಳಕು ಬಿಟ್ಟು ನೋಡಿದರು. ಜ್ವರದಿಂದ ವಾಸನೆಯ ನರ ಸೊರಗಿದೆ, ನಾಲಿಗೆಯ ರುಚಿಯೂ ಹೋಗಿದೆ, ಮರಳಿ ಬಂದರೂ ಬರಬಹುದು, ಬಾರದಿರಲೂಬಹುದು ಎಂದರು. ಹೊರಡುವಾಗ ಮಲರ್‌ಕೊಡಿಯನ್ನು ಕರೆದು, "ಇದನ್ನು ಲೈಟಾಗಿ ತಗೋಬೇಡಿ. ಮನೆಯಲ್ಲಿ ಗ್ಯಾಸ್ ಸೋರಿದರೂ ಇವರಿಗೆ ತಿಳಿಯಲ್ಲ" ಎಂದರು.

ಬಸ್ಸಿನಲ್ಲಿ ಹಾಲ ಕಿಟಕಿಯ ಕಡೆ ಮುಖ ಮಾಡಿ ಕೂತಿದ್ದ. "ಕೆಲಸ ಹೋಯಿತು" ಎಂದ.

"ಅವರಿಗೆ ಬೇರೆ ಯಾರಿಂದಲೋ ತಿಳಿಯುವ ಮೊದಲು ನೀನೇ ಹೇಳು."

"ಹೇಗೆ ಹೇಳಲಿ? ನಾಲಿಗೆ ಇಲ್ಲದ ಟೀ ಮೇಕರ್ ಅಂತಲಾ?"

"ಹಾಗೇ ಹೇಳು. ನಾನೂ ಬರುವೆ."

ಮರುದಿನ ಇಬ್ಬರೂ ಹೋದರು. ಅವಳು ಗೇಟಿನ ಹತ್ತಿರ ನಿಂತಳು. ಅವನು ಒಳಗೆ ಹೋದ. ಎಲೆ ಲಾರಿಯೊಂದು ಬಂದು, ಚೀಲಗಳನ್ನು ಇಳಿಸಿ ಹೋಯಿತು. ಹಾಲ ಹೊರಗೆ ಬಂದಾಗ ಅವನ ಮುಖ ನೋಡಿ, ಕೆಲಸದಿಂದ ತೆಗೆದೇಬಿಟ್ಟರು ಎಂದುಕೊಂಡಳು.

"ಮ್ಯಾನೇಜರ್ ಬೈಯಲಿಲ್ಲ. ಮೇಲಿನ ಅಟ್ಟದಲ್ಲಿ ಎಲೆ ಬಾಡಿಸುವುದನ್ನು ನೋಡಿಕೊಳ್ಳಬೇಕಂತೆ. ಅಲ್ಲಿ ಕೈಯಿದ್ದರೆ ಸಾಕು, ಬಾಯಿ ಬೇಡ ಅಂದರು."

"ಮತ್ತೆ?"

"ಎಲ್ಲರ ಎದುರಿಗೆ ಅಂದರು: ಹಾಲನಿಗೆ ಇನ್ನು ಲೈಟ್ ವರ್ಕ್." ಆ ಎರಡು ಮಾತನ್ನು ಅವನು ಕಹಿ ಉಗುಳುವಂತೆ ಹೇಳಿದ. "ಇಷ್ಟು ವರ್ಷ ಬೇರೆಯವರ ಟೀಗೆ ಲೈಟು ಎಂದೆ. ಈಗ ನಾನೇ ಲೈಟು."

ಏರುದಾರಿಯಲ್ಲಿ ಮಲರ್‌ಕೊಡಿ ನಿಂತುಬಿಟ್ಟಳು. "ಸಿಂಧುಜಾ ಬಸುರಿಯಾಗಿದ್ದಾಗ ಡಾಕ್ಟರಮ್ಮ ಏನಂದಿದ್ದರು?"

"ಏನಂದಿದ್ದರು?"

"ಲೈಟ್ ಕೆಲಸ ಮಾತ್ರ ಮಾಡಿಸಿ ಅಂದಿದ್ದರು. ಆಗ ನಮ್ಮ ಮನೆಯಲ್ಲಿ ಅವಳನ್ನು ಕೀಳು ಮಾಡಿದೆವಾ? ಕೊಡ ಎತ್ತಲು ಬಿಡಲಿಲ್ಲ, ಸೌದೆ ಹೊರಲು ಬಿಡಲಿಲ್ಲ. ನೀನೇ ಅವಳಿಗೆ ಬಿಸಿನೀರು ಕಾಯಿಸಿ ಕೊಟ್ಟೆ. ಬೇಡದವರನ್ನು ಮನೆಗೆ ಕಳಿಸುತ್ತಾರೆ. ಬೇಕಾದವರಿಗೇ ಲೈಟ್ ಕೆಲಸ ಕೊಡುವುದು."

ಸ್ವಲ್ಪ ದೂರ ಹೋದ ಮೇಲೆ ಹಾಲ ಅವಳ ಕೈಚೀಲವನ್ನು ತಾನೇ ಇಸಿದುಕೊಂಡ.

ಮೊದಮೊದಲು ಅವನು ಟೀ ರುಚಿ ನೋಡುವ ಕೋಣೆಯ ಕಡೆ ತಲೆಯೂ ಹಾಕಲಿಲ್ಲ. ಅಟ್ಟದಲ್ಲೇ ಎಲೆಯನ್ನು ಹಿಡಿಯಲ್ಲಿ ಹಿಚುಕಿ, ಬಿಟ್ಟು, ಬಾಡಿದ್ದು ಸಾಕೋ ಸಾಲದೋ ನೋಡುತ್ತ ಹೊತ್ತು ಕಳೆಯುತ್ತಿದ್ದ. ಆಮೇಲೆ ಜಗದೀಶನೇ ಮೆಟ್ಟಿಲು ಹತ್ತಿ ಬರತೊಡಗಿದ. "ಅಣ್ಣ, ಇವತ್ತು ಬಾಯಿಗೆ ಹಾಕಿದ ಕೂಡಲೇ ಚೆನ್ನಾಗಿದೆ, ಕೊನೆಗೆ ಏನೂ ನಿಲ್ಲುತ್ತಿಲ್ಲ" ಎನ್ನುತ್ತಿದ್ದ. ಹಾಲ ಕೇಳಬೇಕಾದ್ದನ್ನು ಕೇಳುತ್ತಿದ್ದ, ತೋಚಿದ್ದನ್ನು ಹೇಳುತ್ತಿದ್ದ. ಒಮ್ಮೊಮ್ಮೆ ಅವನು ಹೇಳಿದ್ದು ತಪ್ಪೂ ಆಗುತ್ತಿತ್ತು. ಆಗ ಇಬ್ಬರೂ ಕೂತು ಮತ್ತೆ ಮೊದಲಿನಿಂದ ಯೋಚಿಸುತ್ತಿದ್ದರು.

ಮಳೆ ಶುರುವಾಗುವ ಹೊತ್ತಿಗೆ ನಾಲಿಗೆಗೆ ಉಪ್ಪು ತಿಳಿಯತೊಡಗಿತು, ಸಕ್ಕರೆಯೂ ತಿಳಿಯಿತು. ವಾಸನೆ ಮಾತ್ರ ಬರಲಿಲ್ಲ. ಸಂಜೆ ಜಗಲಿಯ ಮೇಲೆ ಲೋಟ ಹಿಡಿದು ಕೂತಾಗ ಹಾಲ ಹೆಂಡತಿಯನ್ನು ಕೇಳುವುದು ರೂಢಿಯಾಯಿತು.

"ಹೇಳು, ಹೇಗಿದೆ?"

ಮೊದಲು ಅವಳಿಗೆ ಚೆನ್ನಾಗಿದೆ ಎನ್ನುವುದರಾಚೆ ಮಾತೇ ಬರುತ್ತಿರಲಿಲ್ಲ. ಬರಬರುತ್ತ ಒಂದೊಂದೇ ಮಾತು ಸಿಕ್ಕಿತು. ಮೊನ್ನೆ ಒಂದು ಗುಟುಕು ಕುಡಿದು ಕಣ್ಣು ಮುಚ್ಚಿ ಯೋಚಿಸಿದಳು.

"ಮಳೆ ನಿಂತು ಬಿಸಿಲು ಬಿದ್ದಾಗ ನಮ್ಮ ಕೆಳಗಿನ ತೋಟದ ಹುಲ್ಲಿನಿಂದ ಒಂದು ವಾಸನೆ ಏಳುತ್ತಲ್ಲ, ಆ ಥರ."

"ಹಾಗಾದರೆ ಇದು ಮಳೆಯಲ್ಲಿ ನೆನೆದಾಗ ಕಿತ್ತ ಎಲೆ" ಎಂದ ಹಾಲ. "ಒಳ್ಳೆಯದಾ, ಕೆಟ್ಟದ್ದಾ?"

"ಎನಗ ಬೇಕು ಅನಿಸುತ್ತೆ."

ಅವನು ಲೋಟವನ್ನು ಎರಡೂ ಕೈಯಲ್ಲಿ ಹಿಡಿದು ನಿಧಾನವಾಗಿ ಕುಡಿದ. "ಇನ್ನೊಂದು ಸಲ ಹೇಳು" ಎಂದ.