ಬೂಷ್ಟು ಹಿಡಿದ ಕ್ಯಾಸೆಟ್ಟು

"ಇನ್ನೊಂದ್ಸಲ ಹಾಕ್ಲಾ?" ಎಂದಳು ಮೋನಿಕಾ.

ಚಿತ್ತೇಶ ಹಲ್ಲು ಕಚ್ಚಿ ಕೂತಿದ್ದ. ಟಿವಿಯಲ್ಲಿ ಅವನ ಅಕ್ಕನ ಮದುವೆ. ಮದುವೆ ಎಲ್ಲಿ ಬಂತು, ಬಿಳಿ ಗೆರೆಗಳ ಹಿಂದೆ ಯಾರೋ ಓಡಾಡುತ್ತಿದ್ದರು ಅಷ್ಟೆ. ಅನ್ನದ ಮಂಕರಿ ಹಿಡಿದ ಹೆಂಗಸೊಬ್ಬಳು ಊಟದ ಸಾಲಿಗೆ ಬಂದಳು. ಕ್ಯಾಮೆರಾ ಕಂಡು ನಿಂತಳು. ಸೆರಗಿನಿಂದ ಬಾಯಿ ಮುಚ್ಚಿಕೊಂಡು ನಕ್ಕಳು. ಸರಿಯಾಗಿ ಆ ಹೊತ್ತಿಗೇ ಗೆರೆಗಳು ಮುಖಕ್ಕೆ ಮುತ್ತಿಕೊಂಡವು.

ಅವಳು ಅವನ ಅವ್ವ, ಕರಿಯಕ್ಕ. ಸತ್ತು ಐದು ವರ್ಷವಾಗಿತ್ತು. ಅವಳ ಗುರುತೆಂದು ಮನೆಯಲ್ಲಿ ಉಳಿದದ್ದು ಈ ಕ್ಯಾಸೆಟ್ಟು ಮತ್ತು ಓಟಿನ ಕಾರ್ಡು. ಕಾರ್ಡಿನಲ್ಲಿ ಅವಳು ಕಳ್ಳತನಕ್ಕೆ ಸಿಕ್ಕಿಬಿದ್ದವಳ ಹಾಗಿದ್ದಳು.

ವರ್ಷಗಟ್ಟಲೆ ಇಟ್ಟರೂ ಕೆಡದೆ ಕಾಯಿ ಕೊಬ್ಬರಿಯಾಗುವ ಅಟ್ಟಕ್ಕಿಂತ ಭದ್ರವಾದ ಜಾಗ ಯಾವುದೆಂದು ಚಿತ್ತೇಶನೇ ಕ್ಯಾಸೆಟ್ಟನ್ನು ಬಟ್ಟೆಯಲ್ಲಿ ಸುತ್ತಿ ಕಾಯಿರಾಶಿಯ ನಡುವೆ ಇಟ್ಟಿದ್ದ. ತೆಗೆದು ನೋಡಿದರೆ ಬೂಷ್ಟು. ನೆನಪಿನ ಬಗ್ಗೆ ಸಿನಿಮಾ ಮಾಡುತ್ತೇನೆಂದು ಹುಳಿಯಾರಿನ ಸುತ್ತ ತಿರುಗುತ್ತಿದ್ದ ಮೋನಿಕಾ, ಬೆಂಗಳೂರಲ್ಲಿ ಕ್ಲೀನು ಮಾಡಿಸಿಕೊಡುತ್ತೇನೆಂದು ಒಯ್ದಿದ್ದಳು. ಮೂರು ತಿಂಗಳಾದ ಮೇಲೆ ಈಗ ಬಂದಿದ್ದಾಳೆ, ವಿಸಿಆರ್ ಸಮೇತ.

"ಬೂಷ್ಟು ಒರೆಸೇ ಇಲ್ವಲ್ರೀ!"

"ಬೇಕಂತಾನೇ ಒರೆಸಿಲ್ಲ ಚಿತ್ತೇಶ್. ನೋಡಿ, ಮರೆವು ಹೇಗೆ ಕಣ್ಣಿಗೆ ಕಾಣ್ತಿದೆ! ಒರೆಸಿಬಿಟ್ರೆ ಇದು ಬರೀ ಮದುವೆ ವಿಡಿಯೋ."

"ಮದುವೆ ವಿಡಿಯೋನೇ ಕಣ್ರೀ ಅದು! ಬೂಷ್ಟು ಹಿಡ್ದಿರೋದು ಕ್ಯಾಸೆಟ್ಟಿಗೆ, ನಂಗಲ್ಲ. ನಾನೇನೂ ಮರ್ತಿಲ್ಲ. ಬೂಷ್ಟು ಕೊಬ್ಬರಿ ಹೊತ್ಕೊಂಡು ತಿಪಟೂರು ಮಂಡಿಗೋಗಿ, ಆಹಾ ಏನ್ ಚೆಂದಾಗೈತೆ ಅನ್ನಿ, ಕ್ಯಾಕರಿಸಿ ಉಗೀತಾರೆ."

"ಆಯಮ್ಮನ್ನ ಯಾಕ್ಲಾ ಬೈತೀಯ?" ಜಗಲಿಯಿಂದ ಅಪ್ಪ ಕ್ಯಾತಣ್ಣನ ದನಿ. "ಅಟ್ಟಕ್ಕೆ ಹಾಕ್ದೋನು ನೀನೇಯ."



ಕಣ್ಣಿಗೆ ಪೊರೆ ಬಂದ ಮುದುಕ ಟಿವಿಯ ಕಡೆಗೆ ಕಿವಿಕೊಟ್ಟು ಕೇಳಿದ, "ಈಗ ನಗ್ತಾವ್ಳೇನ್ಲಾ?"

"ಕಾಣಾಕಿಲ್ಲ ಬುಡಪ್ಪ."

ಚಿತ್ತೇಶ ದಡಕ್ಕನೆ ಎದ್ದು ಕ್ಯಾಸೆಟ್ಟು ತೆಗೆದ. ಕೊಬ್ಬರಿ ಒರೆಸಲು ಅವ್ವ ಇಟ್ಟುಕೊಂಡಿದ್ದ ಹಳೆ ಸೀರೆಯ ಚೂರು ಮೂಲೆಯಲ್ಲಿತ್ತು. ಅದನ್ನು ಹಿಡಿದು ಅಂಗಳಕ್ಕೆ ಹೋಗಿ ಸ್ಕ್ರೂ ಬಿಚ್ಚತೊಡಗಿದ.

"ಅಯ್ಯೋ, ಟೇಪ್ ಹರಿದುಹೋಗುತ್ತೆ!"

"ಹರಿದ್ರೆ ನಂದು."

ಟೇಪನ್ನು ಮಾರುದ್ದ ಎಳೆದ, ಬಟ್ಟೆಯ ನಡುವೆ ಹಿಡಿದು ಒರೆಸಿದ. ಬಿಳಿ ಹುಡಿ ಬಂತು. ಇನ್ನೊಂದು ಮಾರು ಎಳೆಯುವಷ್ಟರಲ್ಲಿ ಮೊದಲನೆಯದು ತಿರುಚಿಕೊಂಡು ಮಣ್ಣಿಗೆ ಬಿತ್ತು. ಬೈದುಕೊಂಡು ಮತ್ತೆ ಒರೆಸಿದ. ತಲೆ ಎತ್ತಿದರೆ ಮೋನಿಕಾಳ ಕ್ಯಾಮೆರಾದ ಕೆಂಪು ದೀಪ ಹತ್ತಿತ್ತು.

"ಅದನ್ನ ಕೆಳಗಿಡ್ರೀ," ಎಂದ. "ಬಂದು ಈ ಕಡೆ ಹಿಡ್ಕೊಳ್ಳಿ. ಒಬ್ನ ಕೈಲಿ ಆಗಲ್ಲ."

ಮೋನಿಕಾ ಕ್ಯಾಮೆರಾವನ್ನು ತೆಂಗಿನ ಮಟ್ಟೆಯ ರಾಶಿಯ ಮೇಲಿಟ್ಟು ಬಂದಳು.

"ಅಂಗೈ ಒರೆಸ್ಕೊಂಡು ಹಿಡ್ಕೊ ಕಣವ್ವ," ಎಂದ ಕ್ಯಾತಣ್ಣ. "ತ್ಯಾವ ತಾಗಿದ್ರೆ ಮತ್ತೆ ಬೂಷ್ಟು ಹಿಡೀತದೆ."

ಅವಳು ಎರಡೂ ಕೈಗಳನ್ನು ದುಪಟ್ಟಾಕ್ಕೆ ಉಜ್ಜಿ ಚಾಚಿದಳು. ಇಬ್ಬರ ನಡುವೆ ಕಪ್ಪು ಟೇಪು ಬಿಸಿಲಿಗೆ ಬಿಗಿಯಾಗಿ ನಿಂತಿತು.